ಹೂಂಗುಟ್ಟುವವಳು

ಸ್ಕ್ರೂ ಉದ್ದ ಆಯ್ತು ಕಣೋ, ಆ ಕಡೆ ತೂರ್ಕೊಂಡು ಹೋಗಿದೆ, ಎಂದು ಯಾರೋ ಕೂಗಿದರು, ಶೂಟಿಂಗಿನ ಸೆಟ್ಟಿನ ಹಸಿರು ಬಾಗಿಲಿಗೆ ಹಿಡಿ ಕೂರಿಸುತ್ತಿದ್ದ ಬಡಗಿ ತಿರುಗಿಯೂ ನೋಡಲಿಲ್ಲ, ಆ ಕಡೆ ಯಾರ್ ನೋಡ್ತಾರೆ ಬಿಡಿ ಸಾರ್, ಆ ಕಡೆ ಮನೇನೇ ಇಲ್ಲ, ಅಂದ, ಇನ್ನೊಂದು ಸುತ್ತು ತಿರುಗಿಸಿಯೇಬಿಟ್ಟ — ನಿಜ, ಆ ಕಡೆ ಮನೆಯೇ ಇಲ್ಲ, ಬರೀ ಬೋಳು ಪ್ಲೈವುಡ್ಡು, ಆನಿಕೆಗೆ ಎರಡು ರೀಪು, ರೀಪು ಜಾರದ ಹಾಗೆ ಮರಳಿನ ಚೀಲ, ಬೆಳಿಗ್ಗೆ ಬರುವಾಗ ನೋಡಿದ್ದಳು, ಹೊರಗಿನಿಂದ ಬರುವವರೆಲ್ಲ ಈ ಮನೆಯ ಬೆನ್ನು ನೋಡಿಕೊಂಡೇ ಬರಬೇಕು, ಈ ಕಡೆಗೆ ಬಂದರೆ ಮಾತ್ರ ಇದೊಂದು ಮನೆ, ಗೋಡೆಯ ಮೇಲೆ ಮಗು ಪೆನ್ಸಿಲಿನಲ್ಲಿ ಗೀಚಿದ ಗೀರು, ಬಾಗಿಲ ಹಿಡಿಯ ಸುತ್ತ ಕೈ ತಾಗಿ ತಾಗಿ ಕಪ್ಪಾದ ಕೊಳೆ, ಆ ಕೊಳೆಯನ್ನೂ ಕುಂಚ ಹಿಡಿದು ಬಳಿದಿದ್ದಾರೆ ಕಳ್ಳನನ್ಮಕ್ಕಳು, ಹಸಿ ಬಣ್ಣದ ಘಾಟು, ಕಾದ ದೀಪಗಳ ಘಾಟು, ಅವಳಿಗೆ ಸೀನು ಬಂತು, ಮೂಗು ಹಿಂಡಿ ತಡೆದಳು, ಕೂತ ಕುರ್ಚಿ ಕಿರ್ ಎಂದಿತು, ಕ್ಯಾಮೆರಾದ ಪಕ್ಕದಲ್ಲೇ ಅವಳ ಮಡಿಸುವ ಕುರ್ಚಿ, ಅದರ ಬೆನ್ನಿನ ಬಟ್ಟೆಗೆ ಯಾರೋ ಬಿಳಿ ಬಣ್ಣದಲ್ಲಿ ಡಾಕ್ಟರ್ ಅಂತ ಬರೆದಿದ್ದಾರೆ, ಮೊದಲ ದಿನ ಅದನ್ನು ಕಂಡು ಒಳಗೊಳಗೇ ಉಬ್ಬಿಹೋಗಿದ್ದಳು, ಐವತ್ತು ದಾಟಿದ ಹೆಂಗಸು, ಅರ್ಧ ತಲೆ ಬೆಳ್ಳಗಾದ ಮನೋವಿಶ್ಲೇಷಕಿ, ಕುರ್ಚಿಯ ಮೇಲೆ ಬರೆಸಿಕೊಂಡು ಉಬ್ಬುವುದೇ, ಥೂ, ಈಗ ಅದೇ ಅಕ್ಷರ ಬೆನ್ನಿಗೆ ಚುಚ್ಚುತ್ತದೆ — ಅಗೋ ಬಂದ, ಮೇಕಪ್ಪಿನವನು ಬೆನ್ನ ಹಿಂದೆಯೇ ಓಡಿಬಂದು ಹಣೆಯ ಬೆವರು ಒತ್ತುತ್ತಿದ್ದಾನೆ, ಜನ ಇವನಿಗೆ ಗುಡುಗು ಅಂತ ಹೆಸರಿಟ್ಟಿದ್ದಾರೆ, ಪರದೆಯ ಮೇಲೆ ಬಾಯಿ ತೆರೆದರೆ ಚಿತ್ರಮಂದಿರದ ಕುರ್ಚಿಗಳೆಲ್ಲ ಅದುರುತ್ತವಂತೆ, ಬೀದಿಯ ಗೋಡೆಗೋಡೆಗೂ ಇವನದೇ ಮುಖ, ಆ ಗುಡುಗು ಈಗ ನೆಲಕ್ಕೆ ಅಂಟಿಸಿದ ಪಟ್ಟಿಯ ಮೇಲೆ ಕಾಲಿಟ್ಟು, ಬಾಗಿಲನ್ನು ನೋಡುವುದು ಬಿಟ್ಟು, ನಿರ್ದೇಶಕನನ್ನು ನೋಡುವುದು ಬಿಟ್ಟು, ಕುರ್ಚಿಯಲ್ಲಿ ಡಾಕ್ಟರು ಇದ್ದಾರೋ ಇಲ್ಲವೋ ಅಂತ ನೋಡಿತು, ಇದ್ದಾಳೆ, ಎಲ್ಲಿ ಹೋಗುತ್ತಾಳೆ, ತಲೆಯಾಡಿಸಿದಳು, ಅವನ ಭುಜ ಸಡಿಲವಾಯಿತು — ಇದೇ, ಇದೇ ಹಾಳು, ಇವತ್ತು ಇದನ್ನು ಮುರಿಯಬೇಕು, ಇವತ್ತು ಈ ಕುರ್ಚಿಯಿಂದ ಏಳಬೇಕು, ಎದ್ದರೆ ಅವನು ಏನಾಗುತ್ತಾನೋ ಅನ್ನುವುದು ಒಂದು ಭಯ, ಏಳದಿದ್ದರೆ ಅವನು ಎಂದೆಂದಿಗೂ ಏನೂ ಆಗುವುದಿಲ್ಲ ಅನ್ನುವುದು ಅದಕ್ಕಿಂತ ದೊಡ್ಡ ಭಯ.

ಅವಳ ಕೆಲಸ ಎದುರಿಗೆ ಕೂರುವ ಕೆಲಸವೇ ಅಲ್ಲ, ಅವರು ದಿವಾನದ ಮೇಲೆ ಮಲಗುತ್ತಾರೆ, ಇವಳು ಅವರ ತಲೆಯ ಹಿಂದೆ, ಕಣ್ಣಿಗೆ ಬೀಳದ ಹಾಗೆ ಕೂರುತ್ತಾಳೆ, ಅವರು ಚಾವಣಿ ನೋಡುತ್ತಾ ಬಾಯಿಗೆ ಬಂದದ್ದೆಲ್ಲ ಆಡಬೇಕು, ಇವಳು ಬಾಯಿ ಮುಚ್ಚಿಕೊಂಡು ಕೇಳಬೇಕು, ಮುಖ ಕಂಡರೆ ಮುಖಕ್ಕೆ ತಕ್ಕ ಮಾತು ಬರುತ್ತದೆ, ಕಾಣದಿದ್ದರೆ ಒಳಗಿನದು ಬರುತ್ತದೆ, ಮೇಷ್ಟ್ರು ಮೊದಲ ಪಾಠದಲ್ಲೇ ಹೇಳಿದ್ದರು, ಇವಳಿಗೆ ಈ ವಿದ್ಯೆ ಕಲಿಸಿದ ಮುದುಕರು, ನಿನ್ನ ಮೌನಾನೇ ಔಷಧಿ ಕಣಮ್ಮ, ಅದಕ್ಕೆ ನೀರು ಬೆರೆಸಬೇಡ, ಅಂದಿದ್ದರು, ಬೆರೆಸಲಿಲ್ಲ, ಅತ್ತವರಿಗೆ ಬೆರೆಸಲಿಲ್ಲ, ಬೈದವರಿಗೆ ಬೆರೆಸಲಿಲ್ಲ, ಮನೆಯಲ್ಲಿ ಬಾಯಿ ತೆರೆದರೆ ಕಾದ ಎಣ್ಣೆಗೆ ಸಾಸಿವೆ ಬಿದ್ದ ಹಾಗೆ ಸಿಡಿಯುವ ಹೆಂಗಸು ಆ ಕೋಣೆಯೊಳಗೆ ಮಾತ್ರ ಕಲ್ಲು, ಗಂಡ ಅನ್ನುತ್ತಿದ್ದ, ದಿನಾ ಒಂದು ಗಂಟೆ ನನ್ನನ್ನೂ ಅಲ್ಲಿ ಮಲಗಿಸ್ಕೊಳ್ಳೇ, ಪುಣ್ಯ ಬರುತ್ತೆ — ಆಮೇಲೆ ಇವನು ಬಂದ, ಟೋಪಿ ಮುಖದ ಮೇಲೆಳೆದುಕೊಂಡು, ಹಿಂಬಾಗಿಲಿಂದ, ಮಲಗಿದರೆ ದಿವಾನ ಸಾಲದೆ ಕಾಲು ಆಚೆಗೆ ಚಾಚಿಕೊಂಡಿತು, ಕಾಲುಚೀಲದ ಹೆಬ್ಬೆರಳಲ್ಲಿ ತೂತು, ಅಷ್ಟು ದೊಡ್ಡ ಮನುಷ್ಯನ ಕಾಲುಚೀಲದಲ್ಲಿ ತೂತು, ವಾರಗಟ್ಟಲೆ ಏನೂ ಇಲ್ಲ, ಒಂದು ವಾಕ್ಯ ಆಡುವುದು, ನಿಲ್ಲುವುದು, ಡಾಕ್ಟ್ರೇ ಇದ್ದೀರಾ ಅಂತ ಕೇಳುವುದು, ಆಮೇಲೊಂದು ದಿನ ಅಪ್ಪನ ವಿಷಯ ಬಂತು, ಅಪ್ಪ ದರ್ಜಿ, ಇಕ್ಕಟ್ಟಿನ ಅಂಗಡಿ, ಮಿಷನ್ನಿನ ಮೇಲೆ ಬಗ್ಗಿದ ತಲೆ, ಅಪ್ಪಾ ಇವತ್ತು ಸ್ಕೂಲ್ ನಾಟಕದಲ್ಲಿ ನಾನೇ ರಾಜ ಅಂದರೆ ಮಿಷನ್ನು ಟಕಟಕಟಕ, ಅಪ್ಪಾ ನನ್ನನ್ನ ಸಿನಿಮಾಕ್ಕೆ ತಗೊಂಡ್ರು ಅಂದರೆ ಟಕಟಕಟಕ, ಅಪ್ಪಾ ಕಾರು ತಂದಿದ್ದೀನಿ ಬಾ ಕೂತ್ಕೋ ಅಂದರೆ ಟಕಟಕಟಕ, ಅವರು ತಲೆ ಎತ್ತಿದ್ದೇ ನೋಡಿಲ್ಲ ಡಾಕ್ಟ್ರೇ ನಾನು, ಬೈದಿದ್ರೂ ಆಗ್ತಿತ್ತು, ಒಂದು ಹೂಂ ಅಂದಿದ್ರೆ ಸಾಕಾಗಿತ್ತು, ಆ ಮಿಷನ್ ಮುಂದೇನೇ ಹೋಗ್ಬಿಟ್ರು — ಅಷ್ಟು ಹೇಳಿ ನಿಂತ, ಕಾದ, ಮೇಲೆ ಫ್ಯಾನು ತಿರುಗುತ್ತಿತ್ತು, ಹೆಬ್ಬೆರಳು ಆ ತೂತಿನಿಂದ ಇಣುಕುತ್ತಿತ್ತು, ಆಗ ಇವಳು ಹೂಂ ಅಂದಳು, ಬಾಯಿ ತಪ್ಪಿ ಬಂದದ್ದಲ್ಲ, ಹೊಟ್ಟೆಯಿಂದ ಬಂತು, ಚಿಕ್ಕಂದಿನಲ್ಲಿ ಅಜ್ಜಿ ಮಧ್ಯಾಹ್ನದ ಹೊತ್ತು ಹರಿದ ಬಟ್ಟೆಗೆ ತೇಪೆ ಹಾಕುತ್ತಾ ಕಥೆ ಹೇಳುತ್ತಿದ್ದಳಲ್ಲ, ಹೂಂ ಅನ್ನದಿದ್ದರೆ ಕಥೆ ಅಲ್ಲೇ ನಿಂತು ರಾಜಕುಮಾರ ಬಾವಿಯಲ್ಲೇ ಕೊಳೆಯುತ್ತಿದ್ದ, ಮಿಕ್ಕ ಮೊಮ್ಮಕ್ಕಳೆಲ್ಲ ನಿದ್ದೆ ಹೋದರೂ ಕೊನೆಯವರೆಗೆ ಹೂಂಗುಟ್ಟುತ್ತಿದ್ದವಳು ಇವಳೊಬ್ಬಳೇ, ನನ್ನ ಕಥೆ ಎಳೆಯೋ ಎತ್ತು ನೀನೇ ಕಣೆ, ಎಂದು ಅಜ್ಜಿ ಬೆನ್ನು ಸವರುತ್ತಿದ್ದಳು, ಆ ಹೂಂ, ಅಷ್ಟು ವರ್ಷ ಹಲ್ಲು ಕಚ್ಚಿ ಒಳಗಿಟ್ಟುಕೊಂಡದ್ದು, ಇವನ ಕಾಲುಚೀಲದ ತೂತು ಕಂಡು ಆಚೆ ಬಂತು.

ಅದು ಸಿಕ್ಕ ಮೇಲೆ ಅವನಿಗೆ ಕಟ್ಟೆಯೊಡೆಯಿತು, ಮಾತೋ ಮಾತು, ಆದರೆ ಒಂದೊಂದು ವಾಕ್ಯದ ತುದಿಗೂ ನಿಲ್ಲುವುದು, ಇವಳು ಹೂಂ, ಆಮೇಲೆ ಮುಂದಕ್ಕೆ, ಹೂಂ, ಮುಂದಕ್ಕೆ, ಇವಳಿಗೂ ಹಿತವಾಗಿತ್ತು, ಸುಳ್ಳೇಕೆ, ಊರಿಗೆ ಊರೇ ಬಾಯಿಬಿಟ್ಟುಕೊಂಡು ಕೇಳುವ ಗಂಟಲು ತನ್ನ ಒಂದು ಹೂಂಗೆ ಕಾಯುತ್ತದೆ ಅನ್ನುವುದು ತಲೆಗೇರಿತು, ಮಿಕ್ಕ ರೋಗಿಗಳು ವಾಸಿಯಾದರೆ ತಿರುಗಿ ನೋಡದೆ ಹೋಗುವವರು, ಹಾಗೆ ಹೋದರೇನೇ ವಾಸಿ, ಇವನು ಹೋಗುವವನಲ್ಲ — ಕಾಲೆತ್ತಿ ಡಾಕ್ಟ್ರೇ, ವೈರು, ಎಂದ ದೀಪದವನು, ಎತ್ತಿದಳು, ದಪ್ಪನೆಯ ಕರಿ ವೈರು ಕಾಲಡಿಯಲ್ಲಿ ಸರಸರ ಹರಿದು ಹೋಯಿತು — ಆಮೇಲೆ ಒಂದು ಶೂಟಿಂಗಿನಲ್ಲಿ ಅವನ ಮಾತು ಕಟ್ಟಿತು, ಇಷ್ಟುದ್ದ ಮಾತನ್ನು ಒಂದೇ ಉಸಿರಿಗೆ ಸುರಿಯುತ್ತಿದ್ದವನು ಮೊದಲ ಸಾಲು ಆಡಿ ನಿಂತ, ಕಾದ, ಹೂಂ ಬರಲಿಲ್ಲ, ಅಲ್ಲಿ ಯಾರು ಹೂಂ ಅನ್ನಬೇಕು, ದೀಪದವನೇ, ಎಲ್ಲರೆದುರು ಬಾಯಿ ತೆರೆದು ನಿಂತ, ಬರೀ ಗಾಳಿ, ಮನೆಗೆ ಹೋಗಿ ನಿದ್ದೆ ಗುಳಿಗೆ ನುಂಗಿದ, ಆಸ್ಪತ್ರೆಯವರು ಉಳಿಸಿಕೊಂಡರು, ಕಣ್ಣು ಬಿಟ್ಟವನು ಕೇಳಿದ್ದು ಇವಳನ್ನು, ಆವತ್ತೇ ಕೈ ಬದಲಾಯಿಸಬೇಕಿತ್ತು, ಬೇರೆ ಡಾಕ್ಟರಿಗೆ ಒಪ್ಪಿಸಿ ದೂರ ನಿಲ್ಲಬೇಕಿತ್ತು, ಈ ಕಸುಬಿನ ಮೊದಲ ನಿಯಮ ಅದು, ಇವಳು ಏನು ಮಾಡಿದಳು, ತೋಳು ಹಿಡಿದು ನೆಟ್ಟಗೆ ತನ್ನ ಮನೆಗೆ ಕರೆದುಕೊಂಡು ಬಂದಳು, ಹಿಂದಿನ ಕೋಣೆಯಲ್ಲಿ ಹಾಸಿಗೆ ಹಾಸಿಕೊಟ್ಟಳು, ರೈಲಿನಲ್ಲಿ ಟಿಕೆಟ್ ನೋಡುವ ಕೆಲಸದ ಗಂಡ ಡ್ಯೂಟಿ ಮುಗಿಸಿ ಬಂದು ನೋಡಿದರೆ ಅಡುಗೆಮನೆಯ ಮಣೆಯ ಮೇಲೆ ಗುಡುಗು ಕೂತಿದೆ, ಒಳಗೆ ಎಳೆದುಕೊಂಡು ಹೋಗಿ ಪಿಸುಗುಟ್ಟಿದ, ಟಿಕೆಟ್ ಇಲ್ದೆ ಹತ್ತಿದವರನ್ನ ನಾವು ಮುಂದಿನ ಸ್ಟೇಷನ್ನಲ್ಲಿ ಇಳಿಸ್ತೀವಿ, ಇವನನ್ನ ಯಾವ ಸ್ಟೇಷನ್ನಲ್ಲಿ ಇಳಿಸ್ತೀಯೇ, ನಿಮಗ್ಯಾಕೆ ಅದು ಎಂದು ಗುರ್ ಅಂದಿದ್ದಳು, ಉತ್ತರ ಗೊತ್ತಿರಲಿಲ್ಲ, ಅದಕ್ಕೇ ಗುರ್ ಅಂದದ್ದು, ಅತ್ತೆಗೆ ಮಾತ್ರ ಯಾವ ತಲೆಬಿಸಿಯೂ ಇಲ್ಲ, ಅವರಿಗೆ ಕಣ್ಣು ಮಂಜು, ಕಿವಿ ಇನ್ನೂ ಮಂಜು, ಬಂದವನು ಯಾರು ಅಂತ ಕೊನೆಗೂ ಗೊತ್ತಾಗಲಿಲ್ಲ, ಏ ಉದ್ದಣ್ಣ, ಆ ಬಲ್ಬು ಹಾಕು ಬಾರೋ, ನಿನಗೆ ಸ್ಟೂಲು ಬೇಡ, ಎಂದು ಅವನಿಂದ ಮನೆಯ ಬಲ್ಬೆಲ್ಲ ಹಾಕಿಸಿದರು, ಮಧ್ಯಾಹ್ನ ಮೊರದ ತುಂಬ ಬಟಾಣಿ ಸುರಿದು ಇಬ್ಬರೂ ಸುಲಿಯುತ್ತಾ ಕೂರುವರು, ಸಿಪ್ಪೆ ಯಾವ ಕಡೆ ಕಾಳು ಯಾವ ಕಡೆ ಗೊತ್ತಾಗಲ್ವೇನೋ ನಿಮ್ಮಮ್ಮ ಏನೂ ಕಲಿಸಿಲ್ವೇನೋ ಎಂದು ಬೈಸಿಕೊಂಡು ಅವನು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ, ಎಷ್ಟೋ ವರ್ಷದಿಂದ ಅವನನ್ನು ಯಾರೂ ಬೈದೇ ಇರಲಿಲ್ಲವಂತೆ, ಮತ್ತೊಂದು ದಿನ ಪಾತ್ರೆ ಒರೆಸುತ್ತಾ, ಅಕ್ಕ, ಈ ಲೋಟ ಎಲ್ಲಿಡಲಿ, ಅಂದ, ಅಕ್ಕ ಅಂದ, ನಲ್ಲಿ ನೀರು ಸುರಿಯುತ್ತಿತ್ತು, ಇವಳು ಕೇಳಿಸದ ಹಾಗೆ ಇರಬಹುದಿತ್ತು, ಹೂಂ, ಅಲ್ಲಿಡು, ಅಂದಳು, ಅಲ್ಲಿಡಿ ಅನ್ನಲಿಲ್ಲ, ಅಲ್ಲಿಡು ಅಂದಳು, ಅಲ್ಲಿಗೆ ಮುಗಿಯಿತು, ವೈದ್ಯೆ ಆ ಲೋಟದ ಜೊತೆಗೇ ಕಪಾಟು ಸೇರಿದಳು.

ಅವನು ತನ್ನ ಮನೆಗೆ ಮರಳಿ ಮತ್ತೆ ಶೂಟಿಂಗಿಗೆ ಇಳಿದಾಗ ಅಕ್ಕನೂ ಜೊತೆಗೆ ಹೋಗಿ ಪಕ್ಕದಲ್ಲಿ ಕೂತಳು, ಪತ್ರಿಕೆಯವರಿಗೆ ಅದು ಸಾಲದು, ಅಕ್ಕ ತಮ್ಮ ಅಂದರೆ ಪೇಪರು ಖರ್ಚಾಗುತ್ತದೆಯೇ, ಗುಡುಗಿನ ಮನಸ್ಸು ಕದ್ದ ಮನೋವೈದ್ಯೆ ಅಂತ ಬರೆದರು, ಒಬ್ಬನಂತೂ ಇವಳ ಕಾಲೇಜಿನ ಫೋಟೋ ಎಲ್ಲಿಂದಲೋ ಹುಡುಕಿ ತಂದು ಹಾಕಿದ, ಗಂಡ ಅದನ್ನು ಕತ್ತರಿಸಿ ಕನ್ನಡಿಗೆ ಅಂಟಿಸಿಕೊಂಡು, ನೋಡೇ, ಎಷ್ಟು ಚೆನ್ನಾಗಿದ್ದೆ, ನನ್ನ ಕೈಗೆ ಸಿಕ್ಕಿ ಹಾಳಾದೆ, ಎಂದು ನಕ್ಕ, ನಕ್ಕನಲ್ಲ, ಅದೇ ದೊಡ್ಡದು, ಬೇರೆ ಗಂಡಸಾಗಿದ್ದರೆ ಮನೆ ಹತ್ತಿ ಉರಿಯುತ್ತಿತ್ತು — ಅವಳಿಗೆ ಉರಿದದ್ದು ಪೇಪರಿಗಲ್ಲ, ಮೇಷ್ಟ್ರಿಗೆ, ಅವರು ಕರೆಸಿಕೊಂಡರು, ಟೇಬಲ್ಲಿನ ಮೇಲೆ ವೈದ್ಯ ಮಂಡಳಿಯ ನೋಟೀಸಿನ ಪ್ರತಿ ಇತ್ತು, ಬಂದು ಉತ್ತರ ಹೇಳಿ, ಇಲ್ಲವಾದರೆ ಕಸುಬು ಬಿಡಿ ಅಂತ, ಮೇಷ್ಟ್ರು ಅದನ್ನು ಪಕ್ಕಕ್ಕೆ ತಳ್ಳಿ ಕನ್ನಡಕ ತೆಗೆದರು, ಜನ ಆಡ್ಕೊಳ್ಳೋದು ಸುಳ್ಳು ಅಂತ ನನಗೆ ಗೊತ್ತಮ್ಮ, ಆದರೆ ನಿಜ ಅದಕ್ಕಿಂತ ಕೆಟ್ಟದಾಗಿದೆ, ಅಂದರು, ಏನ್ ಸಾರ್ ಕೆಟ್ಟದ್ದು, ಬದುಕಿದ್ದಾನೆ ಅವನು, ಸಿನಿಮಾ ಮಾಡ್ತಿದ್ದಾನೆ, ನಾನು ಹೋಗಿ ಪಕ್ಕದಲ್ಲಿ ಕೂತ್ಕೋತೀನಿ ಅಷ್ಟೇ, ಇವಳು ಟೇಬಲ್ಲು ಗುದ್ದಿದಳು, ಮೇಷ್ಟ್ರ ಲೋಟದ ಟೀ ಚೆಲ್ಲಿತು, ಅವರು ಒರೆಸಲಿಲ್ಲ, ನೀನು ಅವನ ಬೆನ್ನ ಹಿಂದೆ ಕೂರಬೇಕಾದವಳು, ಮುಂದೆ ಹೋಗಿ ಕೂತಿದ್ದೀಯ, ಅವನ ಅಪ್ಪ ಕೊಡದೇ ಇದ್ದದ್ದನ್ನ ನೀನು ಕೊಡ್ತಾ ಇದ್ದೀಯ, ಕೊಡ್ತಾನೇ ಇರ್ತೀಯಾ, ನೀನು ಹೋದ ದಿನ ಯಾರು ಕೊಡ್ತಾರೆ, ಅಂದರು, ನಾನು ಎಲ್ಲಿ ಹೋಗ್ತೀನಿ ಅಂದಳು, ನನ್ನ ವಯಸ್ಸಿಗೆ ಬಂದಮೇಲೆ ಕೇಳು ಎಲ್ಲಿ ಹೋಗ್ತೀನಿ ಅಂತ, ಅಂದರು ಮುದುಕರು, ನಿಮಗೆ ಹೊಟ್ಟೆಕಿಚ್ಚು ಎಂದು ಮುಖದ ಮೇಲೆ ಹೊಡೆದ ಹಾಗೆ ಹೇಳಿ ಎದ್ದು ಬಂದಳು, ಆಟೋದಲ್ಲಿ ಮನೆವರೆಗೂ ಉರಿದಳು, ಮನೆಗೆ ಬಂದು ಆರಿದಳು, ಆರಿದ ಮೇಲೆ ಆ ಮಾತೊಂದೇ ಉಳಿಯಿತು, ಹೊಳೆಯಾಚೆ ಒಬ್ಬ ಡಾಕ್ಟರಿದ್ದಾರೆ, ಅವರ ಜೊತೆ ಮಾತಾಡಿಟ್ಟಿದ್ದೀನಿ, ಅವನನ್ನ ಅಲ್ಲಿಗೆ ಕಳಿಸು, ಎಂದು ಮೇಷ್ಟ್ರು ಬಾಗಿಲವರೆಗೂ ಬಂದು ಹೇಳಿದ್ದು, ಆ ಹೊಳೆಯಾಚೆ ಡಾಕ್ಟರನ್ನು ಇವಳು ಬಲ್ಲಳು, ಆ ಮನುಷ್ಯ ಹೂಂ ಅನ್ನುವುದಿರಲಿ, ಉಸಿರಾಡುವುದೂ ಕೇಳಿಸುವುದಿಲ್ಲ, ರೋಗಿಗಳು ತಿರುಗಿ ನೋಡಿ ಇದ್ದಾರೆ ಅಂತ ಖಾತ್ರಿ ಮಾಡಿಕೊಳ್ಳುತ್ತಾರಂತೆ, ನೆನೆದು ನಗು ಬಂತು, ಸ್ಟುಡಿಯೋ ನಡುವೆ ಒಬ್ಬಳೇ ನಕ್ಕಳು, ಪಕ್ಕದಲ್ಲಿದ್ದ, ನಟರಿಗೆ ಉಡುಪು ತೊಡಿಸುವ ಹೆಂಗಸು ಏನು ಡಾಕ್ಟ್ರೇ ಅಂದಳು, ಏನಿಲ್ಲಮ್ಮ, ಹಿಡಿಯ ಸ್ಕ್ರೂ ಉದ್ದವಾಯಿತು, ಅಂದಳು, ಆ ಹೆಂಗಸು ಬಾಗಿಲು ನೋಡಿದಳು, ಈ ಕಡೆಯಿಂದ ಹಿಡಿ ಚಿನ್ನದ ಹಾಗೆ ಹೊಳೆಯುತ್ತಿತ್ತು.

ಸೈಲೆನ್ಸ್ ಅಂದರು, ಬೆಲ್ಲು ಬಾರಿಸಿತು, ಹೊರಬಾಗಿಲ ಮೇಲೆ ಕೆಂಪು ದೀಪ, ಇನ್ನು ಯಾರೂ ಅಲುಗಾಡುವ ಹಾಗಿಲ್ಲ, ಇದ್ದವರು ಇದ್ದಲ್ಲೇ ಬೊಂಬೆ, ಅವನು ಬಾಗಿಲ ಮುಂದೆ ನಿಂತ, ಕಥೆಯಲ್ಲಿ ಅವನೊಬ್ಬ ಅಪ್ಪ, ಮಗಳನ್ನು ಚಿಕ್ಕಂದಿನಲ್ಲೇ ಬಿಟ್ಟು ಹೋದವನು, ಈಗ ಬಂದಿದ್ದಾನೆ, ಮಗಳು ಒಳಗೆ ಬಾಗಿಲು ಹಾಕಿಕೊಂಡು ಕೂತಿದ್ದಾಳೆ, ತೆಗೆಯುವುದಿಲ್ಲ, ಮಾತೂ ಆಡುವುದಿಲ್ಲ, ಅವನು ಮುಚ್ಚಿದ ಬಾಗಿಲಿಗೆ ಹೇಳಬೇಕು, ಬಾಗಿಲು ತೆಗೀಬೇಡ ಮಗಳೇ, ಅಂದ, ನಿಂತ, ಕಣ್ಣಂಚು ಇವಳ ಕಡೆ ಹೊರಳಿತು, ಇವಳ ತಲೆ ತಾನಾಗಿ ಆಡಿತು, ನಾನು ಒಳಗೆ ಬರೋಕೆ ಬಂದಿಲ್ಲ, ಅಂದ, ನಿಂತ, ಕಣ್ಣು, ತಲೆ, ನಿನ್ನ ಶಾಲೆ ಗೇಟಿಗೆ ಎಲ್ಲರ ಅಪ್ಪಂದಿರೂ ಬಂದ್ರು, ಅಂದ, ಕಣ್ಣು, ತಲೆ — ಕಟ್, ನಿರ್ದೇಶಕ ಹಲ್ಲುಕಡ್ಡಿ ಕಚ್ಚಿಕೊಂಡು ಬಂದು ಇವಳ ಕುರ್ಚಿಯ ಪಕ್ಕ ಕುಕ್ಕರುಗಾಲಲ್ಲಿ ಕೂತ, ಒಳ್ಳೆಯವನು, ದನಿ ತಗ್ಗಿಸಿ ಮಾತಾಡುತ್ತಾನೆ, ಡಾಕ್ಟ್ರೇ, ಬೇಜಾರು ಮಾಡ್ಕೋಬೇಡಿ, ಬೆಳಿಗ್ಗೆಯಿಂದ ನೋಡ್ತಿದ್ದೀನಿ, ಒಳಗಿರೋ ಹುಡುಗಿ ಉತ್ತರ ಕೊಡ್ತಿಲ್ಲ, ಆದರೆ ಈ ಅಪ್ಪನಿಗೆ ಮಾತ್ರ ಎಲ್ಲಿಂದಲೋ ಉತ್ತರ ಬರ್ತಿದೆ, ಉತ್ತರ ಬರ್ತಾ ಇರೋನ ಮುಖಾನೇ ಬೇರೆ ಅಲ್ವಾ, ನನಗೆ ಅದು ಬೇಡ, ನನಗೆ ಉತ್ತರ ಬರದೇ ಇದ್ರೂ ಮಾತಾಡೋನು ಬೇಕು, ಅಂದ, ಅವನಿಗೇನು ಗೊತ್ತು ತಾನು ಏನು ಹೇಳಿದೆ ಅಂತ, ಹಲ್ಲುಕಡ್ಡಿ ಈ ತುದಿಯಿಂದ ಆ ತುದಿಗೆ ಹೊರಳಿಸಿ ಎದ್ದು ಹೋದ, ಇವಳಿಗೆ ಕಿವಿ ಬಿಸಿಯಾಯಿತು, ಮೇಷ್ಟ್ರು ಆವತ್ತು ಬಡಿದುಕೊಂಡದ್ದನ್ನೇ ಈ ಹಲ್ಲುಕಡ್ಡಿಯವನೂ ಹೇಳಿದ, ಬೇರೆ ದಿನವಾದರೆ ನನಗೆ ಪಾಠ ಹೇಳಬೇಡಿ ಎಂದು ಹರಿಹಾಯುತ್ತಿದ್ದಳು, ಇವತ್ತು ಬಾಗಿಲ ಹಿಡಿಯನ್ನೇ ನೋಡಿದಳು, ಬಡಗಿ ಇನ್ನೊಂದು ಸುತ್ತು ತಿರುಗಿಸಿಯೇಬಿಟ್ಟ, ಅವಳೂ ಹಾಗೆಯೇ, ಗಟ್ಟಿಯಾಗಲಿ ಗಟ್ಟಿಯಾಗಲಿ ಎಂದು ಒಂದು ಸುತ್ತು ಹೆಚ್ಚು, ಆ ಕಡೆಗೆ ತೂರಿಕೊಂಡಿತು, ಆ ಕಡೆ ಯಾರು ನೋಡಿದರು.

ಎದ್ದಳು, ಮೊಣಕಾಲು ಲಟಕ್ ಎಂದಿತು, ಕೈಚೀಲ ಹೆಗಲಿಗೆ ಹಾಕಿಕೊಂಡು ಅವನ ಹತ್ತಿರ ನಡೆದಳು, ಮೇಕಪ್ಪಿನವನು ಸರಿದ, ನಾನು ಹೊರಟೆ, ಅಂದಳು, ಕಾಫಿಗಾ ಅಕ್ಕ, ನನಗೂ ಒಂದು ಹೇಳಿ, ಅಂದ, ಕಾಫಿಗಲ್ಲ, ಮನೆಗೆ, ಅಂದಳು, ಶಾಟ್ ಇದೆಯಲ್ಲ, ಅಂದ, ಅದಕ್ಕೇ ಹೋಗ್ತಿರೋದು, ನೀವು ಅದನ್ನ ನಾನಿಲ್ದೆ ಮಾಡಬೇಕು — ನೀವು ಅಂದಳು, ಮೇಲಿಂದ ಬಿದ್ದ ಹಾಗಾಯಿತು ಅವನಿಗೆ, ಏನಕ್ಕ ನೀವು ಗೀವು, ಅಂದ, ಬಣ್ಣದ ಕೆಳಗೆ ಮುಖ ಬಿಳಿಚಿತು, ಯಾರು, ಆ ಮುದುಕ ಮೇಷ್ಟ್ರಾ ಹೇಳಿದ್ದು, ಪೇಪರ್‌ನೋರಾ, ನಾನು ಒಂದು ಫೋನ್ ಮಾಡಿದ್ರೆ ಎಲ್ಲರೂ — ಯಾರೂ ಅಲ್ಲ, ಫೋನ್ ಒಳಗಿಡಿ, ತಪ್ಪು ನಂದು, ನಿಮ್ಮ ಬಾಯಿಯನ್ನ ತಂದು ನನ್ನ ಹೂಂಗೆ ಕಟ್ಟಿಹಾಕಿದ್ದೀನಿ, ನಾನೇ ಬಿಚ್ಚಬೇಕು, ಇವತ್ತು ಸಂಜೆ ಹೊಳೆಯಾಚೆ ಡಾಕ್ಟ್ರು ನಿಮಗೆ ಕಾಯ್ತಿರ್ತಾರೆ, ನಿಮ್ಮ ಸ್ವಂತ ತಮ್ಮ ಊರಿಂದ ಬಂದಿದ್ದಾನೆ, ಅವನೇ ಕರ್ಕೊಂಡು ಹೋಗ್ತಾನೆ, ನಿಮ್ಮನೇಲೇ ಇರ್ತಾನೆ, ಅವನ ಜೊತೆ ಮಾತಾಡಿದ್ದೀನಿ, ಗುಳಿಗೆ ಅವನ ಕೈಲಿದೆ, ಮಂಡಳಿಯವರ ಮುಂದೆ ಹೋಗಿ ನಾನು ಮಾಡಿದ್ದೆಲ್ಲ ಹೇಳ್ತೀನಿ, ಏನು ಬೇಕಾದ್ರೂ ಮಾಡ್ಕೊಳ್ಳಲಿ — ಒಂದೇ ಉಸಿರಿಗೆ ಹೇಳಿದಳು, ನಿಂತರೆ ಹೇಳಲಾಗುವುದಿಲ್ಲ ಅಂತ ಗೊತ್ತಿತ್ತು, ಅವನು ಬಗ್ಗಿ, ಅಷ್ಟೆತ್ತರದಿಂದ ಬಗ್ಗಿ, ಮೆಲ್ಲಗೆ, ಸತ್ತೋಗ್ತೀನಿ ನಾನು, ಅಂದ, ಈ ಮಾತು ಬರುತ್ತದೆ ಅಂತಲೂ ಗೊತ್ತಿತ್ತು, ಗೊತ್ತಿದ್ದೂ ಸಿಟ್ಟು ನೆತ್ತಿಗೇರಿತು, ಏನ್ರೀ ಸಾಯೋದು, ನಮ್ಮತ್ತೆ ಜೊತೆ ಬಟಾಣಿ ಸುಲೀತಾ ಕೂತ್ಕೊಂಡು ಮಧ್ಯಾಹ್ನ ಪೂರ್ತಿ ಮಾತಾಡ್ತಿದ್ರಲ್ಲ, ಆ ಮುದುಕಿ ಒಂದು ಸಲ ಹೂಂ ಅಂದ್ರಾ, ಒಂದೇ ಒಂದು ಸಲ, ಅವರಿಗೆ ಕಿವೀನೇ ಕೇಳಲ್ಲ ಕಣ್ರೀ, ನೀವು ನಿಮ್ಮ ಪಾಡಿಗೆ ಹೇಳ್ತಾ ಇದ್ರಿ, ಅವರು ತಮ್ಮ ಪಾಡಿಗೆ ಸಿಪ್ಪೆ ಎಸೀತಿದ್ರು, ಆಗ ಸತ್ರಾ — ಹೇಳಿದ ಮೇಲೆ ಅವಳಿಗೇ ಹೊಳೆಯಿತು, ಹೌದಲ್ಲ, ಅಡುಗೆಮನೆಯಿಂದ ದಿನಾ ಕೇಳಿಸುತ್ತಿತ್ತಲ್ಲ, ತಡೆಯಿಲ್ಲದೆ ಹರಿಯುತ್ತಿದ್ದ ಆ ದನಿ, ಅದನ್ನು ಕೇಳಿಯೂ ಇಷ್ಟು ದಿನ ತಲೆಗೆ ಹೋಗಲಿಲ್ಲ, ದಡ್ಡಿ, ಅವನದು ನಗಬೇಕೋ ಅಳಬೇಕೋ ತಿಳಿಯದ ಮುಖ, ಅಜ್ಜಿಗೆ ಕಿವಿ ಕೇಳಲ್ವಾ, ಅಂದ, ಮತ್ತೆ ಏನಂದ್ಕೊಂಡಿದ್ರಿ, ನಿಮ್ಮ ಕಷ್ಟ ಕೇಳಿ ಕರಗಿಹೋದ್ರು ಅಂತಲಾ, ಅಂದಳು, ಅವನ ತುಟಿಯ ಒಂದು ಮೂಲೆ ಮೇಲೆದ್ದಿತು, ಮತ್ತೆ ಬಿತ್ತು, ಇವಳು ತಿರುಗಿದಳು, ತಿರುಗಿ ನೋಡಬಾರದು, ವಾಸಿಯಾದವರು ತಿರುಗಿ ನೋಡದೆ ಹೋಗುತ್ತಾರೆ, ವೈದ್ಯೆಯೂ ಹಾಗೆಯೇ ಹೋಗಬೇಕು ಅನ್ನುವುದು ಇವತ್ತು ತಿಳಿಯಿತು, ಬಿಳಿ ಅಕ್ಷರದ ಕುರ್ಚಿಯನ್ನು ದಾಟಿ, ಕರಿ ವೈರುಗಳನ್ನು ದಾಟಿ, ಮನೆಯ ಬೆನ್ನಿಗೆ ಹೊರಳಿದಳು, ಹೊರಹೋಗುವ ದಾರಿ ಇದೊಂದೇ.

ಅಲ್ಲಿ ಕತ್ತಲು, ಹೊಳಪಿನಿಂದ ಬಂದ ಕಣ್ಣಿಗೆ ಏನೂ ಕಾಣುವುದಿಲ್ಲ, ಕಾಲಿಗೆ ಮರಳಿನ ಚೀಲ ತಾಗಿತು, ರೀಪು ಹಿಡಿದುಕೊಂಡಳು, ಅಷ್ಟರಲ್ಲಿ ಬೆಲ್ಲು ಬಾರಿಸಿತು, ದೂರದಲ್ಲಿ ಕೆಂಪು ದೀಪ ಹತ್ತಿತು, ಅಯ್ಯೋ ಇವರ, ಇಷ್ಟು ಬೇಗ, ಹೊರಬಾಗಿಲ ಕಾವಲಿನವನು ತುಟಿಯ ಮೇಲೆ ಬೆರಳಿಟ್ಟು ಇನ್ನೊಂದು ಕೈಯನ್ನು ಬೇಡ ಬೇಡ ಎಂದು ಆಡಿಸುತ್ತಿದ್ದಾನೆ, ಒಂದು ಹೆಜ್ಜೆ ಇಟ್ಟರೆ ಹಲಗೆ ಕಿರುಗುಟ್ಟುತ್ತದೆ, ಟೇಕ್ ಹಾಳು, ಇದ್ದವರು ಇದ್ದಲ್ಲೇ ಬೊಂಬೆ, ಇವಳು ಇದ್ದದ್ದು ಬಾಗಿಲ ಬೆನ್ನಿಗೆ, ಮೂಗಿನಷ್ಟು ದೂರದಲ್ಲಿ ಬೋಳು ಪ್ಲೈವುಡ್ಡು, ಮೆಲ್ಲಗೆ ಕಣ್ಣು ಪಳಗಿತು, ಹಲಗೆಯಿಂದ ಎರಡು ಸ್ಕ್ರೂ ಮೊನೆ ಈಚೆಗೆ ಚಾಚಿಕೊಂಡಿವೆ, ಸಂದಿಯಿಂದ ಬಂದ ಬೆಳಕಿನ ಎಳೆಯಲ್ಲಿ ಹೊಳೆಯುತ್ತಿವೆ, ಅವನಿಗೆ ಗೊತ್ತಿಲ್ಲ ಇವಳು ಇಲ್ಲಿದ್ದಾಳೆ ಅಂತ, ಅವನಿಗೆ ಕಾಣುವುದು ಖಾಲಿ ಕುರ್ಚಿ, ಹಸಿರು ಬಾಗಿಲು, ಅಷ್ಟೇ, ದಿವಾನದ ಹಿಂದೆ ಕೂತ ಹಾಗೆ ಮತ್ತೆ ಅವನಿಗೆ ಕಾಣದವಳಾದಳು, ಎಲ್ಲಿಂದ ಹೊರಟಳೋ ಅಲ್ಲಿಗೇ ಬಂದು ನಿಂತಳು, ಬಾಗಿಲು ತೆಗೀಬೇಡ ಮಗಳೇ, ಎಂದಿತು ಆ ಕಡೆಯ ದನಿ, ಹಲಗೆಯೊಳಗಿಂದ ಇವಳ ಎದೆಗೇ ಬಂತು, ನಿಂತಿತು, ಹಾಳಾದ ಅಭ್ಯಾಸ, ಇವಳ ಗಂಟಲಿನಲ್ಲಿ ಹೂಂ ಎದ್ದು ನಿಂತಿತು, ಕೈಚೀಲದ ಪಟ್ಟಿಯನ್ನು ಬಾಯಿಗೆ ತುರುಕಿ ಕಚ್ಚಿದಳು, ಚರ್ಮದ ಉಪ್ಪು, ನಾನು ಒಳಗೆ ಬರೋಕೆ ಬಂದಿಲ್ಲ, ಅಂದ, ಅಂದನಲ್ಲ, ಮುಂದಿನದನ್ನು ಅಂದನಲ್ಲ, ನಿನ್ನ ಶಾಲೆ ಗೇಟಿಗೆ ಎಲ್ಲರ ಅಪ್ಪಂದಿರೂ ಬಂದ್ರು, ನಾನು ಬರಲಿಲ್ಲ, ನೀನು ಚೀಲ ತಲೆ ಮೇಲಿಟ್ಕೊಂಡು ನಿಂತಿದ್ದೆ ಅಂತ ಯಾರೋ ಹೇಳಿದ್ರು, ನಾನು ಕೇಳಿ ಸುಮ್ಮನಿದ್ದೆ — ಅಲ್ಲಿ ನಿಂತ, ಈ ಸಲ ನಿಂತದ್ದು ನಿಂತೇ ಇತ್ತು, ಯಾರೂ ಉಸಿರಾಡುತ್ತಿಲ್ಲ, ಕಾವಲಿನವನ ಬೆರಳು ತುಟಿಯ ಮೇಲೆಯೇ ಇದೆ, ಬರೀ ಗಾಳಿ ಬರುತ್ತಿದೆಯೇ ಅವನ ಬಾಯಿಂದ, ಆವತ್ತಿನ ಹಾಗೆ, ಒಂದು ಹೂಂ, ಒಂದೇ ಒಂದು, ಸಣ್ಣದು, ಹಲಗೆಯ ಈ ಕಡೆಯಿಂದ ಯಾರಿಗೆ ತಿಳಿಯುತ್ತದೆ, ಕೊಟ್ಟುಬಿಟ್ಟರೆ, ಕಥೆ ನಿಂತರೆ ರಾಜಕುಮಾರ ಬಾವಿಯಲ್ಲೇ, ಹಲ್ಲು ಪಟ್ಟಿಯೊಳಗೆ ಇಳಿಯಿತು, ಕಣ್ಣಲ್ಲಿ ನೀರು ಬಂತು, ಕೊಡಲಿಲ್ಲ, ಕೊಡುವುದಿಲ್ಲ, ಅಷ್ಟರಲ್ಲಿ ಆ ಕಡೆ ಏನೋ ಬಾಗಿಲಿಗೆ ಒರಗಿತು, ಹಣೆಯೋ ಅಂಗೈಯೋ, ಹಿಡಿ ಅಲುಗಿತು, ಸ್ಕ್ರೂ ಮೊನೆಗಳು ಕಣ್ಣೆದುರು ನಡುಗಿದವು, ಸರಿ, ಎಂದಿತು ದನಿ, ಗುಡುಗಲ್ಲ, ಬಟಾಣಿ ಸುಲಿಯುವ ದನಿ, ಸರಿ, ನೀನು ನಿನ್ನ ಕೆಲಸ ಮಾಡ್ತಾ ಇರು, ತಲೆ ಎತ್ತಬೇಡ, ನಾನು ಹೇಳ್ತಾ ಇರ್ತೀನಿ — ಇದು ಬರೆದುಕೊಟ್ಟ ಮಾತಲ್ಲ, ಬೆಳಿಗ್ಗೆಯಿಂದ ಕೇಳಿ ಕೇಳಿ ಇವಳಿಗೆ ಬಾಯಿಪಾಠ, ಇದು ಅದರಲ್ಲಿಲ್ಲ, ಇದು ಮಗಳಿಗಲ್ಲ, ಇದು ಮಿಷನ್ನಿನ ಮೇಲೆ ಬಗ್ಗಿದ ಬೇರೆ ಒಂದು ತಲೆಗೆ, ಕಟ್ ಅನ್ನುತ್ತಾನೆ ನಿರ್ದೇಶಕ, ಅನ್ನಬೇಡ, ದಮ್ಮಯ್ಯ, ಅನ್ನಲಿಲ್ಲ, ದನಿ ನಿಲ್ಲದೆ ಮುಂದಕ್ಕೆ ಹೋಯಿತು, ಗೇಟಿನಿಂದ ಮಗಳ ಜ್ವರಕ್ಕೆ, ಜ್ವರದಿಂದ ಅವಳ ಮೊದಲ ಹಲ್ಲಿಗೆ, ಒಂದರ ಬಾಲಕ್ಕೆ ಒಂದು, ಎಲ್ಲೂ ಕಾಯದೆ, ಎಲ್ಲೂ ಇಣುಕದೆ, ಅವನು ಹೇಳುತ್ತಲೇ ಇದ್ದಾನೆ, ಆ ಕಡೆ ಅವನ ಕೈ, ಈ ಕಡೆ ಎರಡು ಮೊನೆ, ನಡುಗುತ್ತವೆ, ನಿಲ್ಲುತ್ತವೆ, ಅವನು ಹೇಳುತ್ತಲೇ ಇದ್ದಾನೆ, ಬೋಳು ಹಲಗೆ, ಬೆಳಕಿನ ಎಳೆ, ಎರಡು ಸ್ಕ್ರೂ ಮೊನೆ, ನಡುಗುತ್ತಾ, ಹೊಳೆಯುತ್ತಾ, ಎರಡು ಮೊನೆ —